ಚಿಪ್ಪಿನ ಪಟ್ಟಿ, ಕಾಗದದ ಕರಾರು

ಅಮೆರಿಕದ ಸರ್ಕಾರ ಪ್ರತಿ ವರ್ಷ ಒಂದಷ್ಟು ಬಟ್ಟೆ ಕೊಳ್ಳುತ್ತದೆ. ಸಾದಾ ಹತ್ತಿ ಬಟ್ಟೆ. ಅದನ್ನು ನ್ಯೂಯಾರ್ಕ್ ರಾಜ್ಯದಲ್ಲಿರುವ ಸೆನೆಕಾ, ಒನೊಂಡಾಗಾ, ಟಸ್ಕರೋರಾ ಎಂಬ ಮೂಲನಿವಾಸಿ ಜನರಿಗೆ ಕಳಿಸಿಕೊಡುತ್ತದೆ. 1794ರ ನವೆಂಬರ್ 11ರಂದು ಕ್ಯಾನಂಡೇಗ್ವಾ ಎಂಬ ಊರಿನಲ್ಲಿ ಹಾಗೆಂದು ಮಾತಾಗಿತ್ತು. ಅಧ್ಯಕ್ಷ ಜಾರ್ಜ್ ವಾಷಿಂಗ್ಟನ್ ಪರವಾಗಿ ಸಹಿ ಹಾಕಿದವನು ಟಿಮೊಥಿ ಪಿಕರಿಂಗ್. ವರ್ಷಕ್ಕೆ 4,500 ಡಾಲರ್ ಮೌಲ್ಯದ ಬಟ್ಟೆಬರೆ, ದನಕರು, ಬೇಸಾಯದ ಸಲಕರಣೆ ಕೊಡುತ್ತೇವೆ ಅಂತ ಕರಾರು. ಮೊತ್ತ ಇವತ್ತಿಗೂ ಅದೇ. ಬೆಲೆ ಏರಿದ ಹಾಗೆಲ್ಲ ಒಬ್ಬೊಬ್ಬರಿಗೆ ಸಿಗುವ ತುಂಡು ಚಿಕ್ಕದಾಗುತ್ತಾ ಬಂತು.

ಆ ತುಂಡಿನಿಂದ ಯಾರೂ ಅಂಗಿ ಹೊಲಿಸಿಕೊಂಡು ಹಬ್ಬ ಮಾಡುವುದಿಲ್ಲ ಬಿಡಿ. ಬಟ್ಟೆ ಬಂತು ಅಂದರೆ ಕರಾರು ಇನ್ನೂ ಚಾಲ್ತಿಯಲ್ಲಿದೆ ಅಂತ ಕೊಟ್ಟವರೇ ಒಪ್ಪಿಕೊಂಡ ಹಾಗೆ. ಅದಕ್ಕೇ ಅವರು ತಪ್ಪದೆ ಪಡೆಯುತ್ತಾರೆ. ಪ್ರತಿ ನವೆಂಬರ್ 11ರಂದು ಕ್ಯಾನಂಡೇಗ್ವಾದಲ್ಲಿ ಸೇರಿ ಆ ದಿನವನ್ನು ನೆನೆಯುತ್ತಾರೆ.

ನಮ್ಮವರು ಅಮೆರಿಕಕ್ಕೆ ಹೋದರೆ ನಯಾಗರಾ ನೋಡದೆ ಬರುವುದಿಲ್ಲ, ಅಲ್ವಾ? ನ್ಯೂಯಾರ್ಕ್ ಕಡೆಯಿಂದ ಕಾರಿನಲ್ಲಿ ಹೊರಟವರು ಸಿರಾಕ್ಯೂಸ್, ರೋಚೆಸ್ಟರ್ ದಾಟಿ ಹೋಗುತ್ತಾರೆ. ಆ ಹೆದ್ದಾರಿ ಈ ಜನಾಂಗಗಳು ಸೇರಿ ಕಟ್ಟಿಕೊಂಡ ಇರೊಕ್ವಾಯ್ ಒಕ್ಕೂಟದ ನೆಲದ ಉದ್ದಕ್ಕೂ ಹಾಯುತ್ತದೆ. ದಾರಿಯ ಬೋರ್ಡುಗಳಲ್ಲಿ ಕಾಣುವ ಒನೈಡಾ, ಒನೊಂಡಾಗಾ, ಕಯೂಗಾ, ಸೆನೆಕಾ ಎಲ್ಲವೂ ಈ ಜನರ ಹೆಸರುಗಳೇ. ನಯಾಗರಾ ಕೂಡ ಸೆನೆಕಾ ಜನರ ನೆಲವಾಗಿತ್ತು. ಜಲಪಾತದ ಫೋಟೊ ತೆಗೆದುಕೊಂಡು ವಾಪಸ್ ಬರುವಾಗ ವಿಕ್ಟರ್ ಎಂಬ ಊರಿನ ಪಕ್ಕ ಗನೊಂಡಾಗನ್ ಅಂತ ಒಂದು ಜಾಗ ಸಿಗುತ್ತದೆ. ಅದು ಸೆನೆಕಾ ಜನರ ದೊಡ್ಡ ಊರಾಗಿತ್ತು. 1687ರಲ್ಲಿ ಫ್ರೆಂಚ್ ಸೈನ್ಯ ಬಂದು ಹಾಳುಗೆಡವಿತು. ಈಗ ಅಲ್ಲಿ ಮರದ ತೊಗಟೆ ಹೊದಿಸಿದ ಹಳೇ ಕಾಲದ ಉದ್ದಮನೆಯೊಂದನ್ನು ಮತ್ತೆ ಕಟ್ಟಿ ನಿಲ್ಲಿಸಿದ್ದಾರೆ. ಸಮಯ ಇದ್ದರೆ ಖಂಡಿತ ನಿಲ್ಲಿ.

ಇನ್ನು ಚೆರೋಕೀ ಜನ. ಅವರ ಹಳೆಯ ನೆಲ ದಕ್ಷಿಣಕ್ಕಿದೆ, ಅಪಲೇಚಿಯನ್ ಬೆಟ್ಟಸಾಲಿನಲ್ಲಿ. ಇವತ್ತಿನ ಉತ್ತರ ಕೆರೊಲಿನಾ, ಟೆನೆಸೀ, ಜಾರ್ಜಿಯಾ ರಾಜ್ಯಗಳ ಭಾಗ. ಎರಡೂ ಜನರ ಮಾತು ಒಂದೇ ಭಾಷಾ ಕುಟುಂಬದ್ದು. ಬಹಳ ಹಿಂದೆಯೇ ಕವಲೊಡೆದು ದೂರವಾದ ಭಾಷೆಗಳು. ಇವರ ಬಗ್ಗೆ ಓದುತ್ತಾ ಹೋದ ಹಾಗೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಒಂದೇ ವಿಷಯ. ಹೊರಗಿನಿಂದ ಬಂದ ಬಿಳಿಯನ ಜೊತೆ ಹೇಗೆ ಬದುಕಬೇಕು ಎಂಬ ಪ್ರಶ್ನೆಗೆ ಈ ಇಬ್ಬರು ನೆಂಟರು ಎರಡು ಬೇರೆ ಬೇರೆ ದಾರಿ ಹಿಡಿದರು. ಒಬ್ಬರು ಅವನ ಕಾಗದ, ಅಚ್ಚುಯಂತ್ರ, ಸಂವಿಧಾನ, ನ್ಯಾಯಾಲಯ ಎಲ್ಲವನ್ನೂ ಕಲಿತು ಅವನ ಆಟದಲ್ಲೇ ಅವನನ್ನು ಸೋಲಿಸಲು ನೋಡಿದರು. ಇನ್ನೊಬ್ಬರು, ನಿನ್ನದು ನಿನಗೆ, ನಮ್ಮದು ನಮಗೆ ಅಂತ ತಮ್ಮ ಪದ್ಧತಿಯನ್ನೇ ಗಟ್ಟಿಯಾಗಿ ಹಿಡಿದು ಕೂತರು. ನೆಲ ಇಬ್ಬರ ಕೈಯಿಂದಲೂ ಹೋಯಿತು.

ಮೊದಲು ಉತ್ತರದವರು. ಇರೊಕ್ವಾಯ್ ಅನ್ನುವುದು ಹೊರಗಿನವರು ಇಟ್ಟ ಹೆಸರು. ಅವರು ತಮ್ಮನ್ನು ಹೋಡಿನೋಶೋನಿ ಅನ್ನುತ್ತಾರೆ, ಉದ್ದಮನೆಯ ಜನ. ಮೊಹಾಕ್, ಒನೈಡಾ, ಒನೊಂಡಾಗಾ, ಕಯೂಗಾ, ಸೆನೆಕಾ ಎಂಬ ಐದು ಜನಾಂಗಗಳು ಒಂದು ಕಾಲಕ್ಕೆ ಪರಸ್ಪರ ಕೊಲ್ಲುತ್ತಾ ಇದ್ದವು. ಒಬ್ಬನನ್ನು ಕೊಂದರೆ ಅವನ ಕಡೆಯವರು ಇನ್ನೊಬ್ಬನನ್ನು ಕೊಲ್ಲಬೇಕು. ಅದು ಮುಗಿಯುವ ಲೆಕ್ಕವೇ ಅಲ್ಲ. ಆಗ ಶಾಂತಿದೂತನೊಬ್ಬ ಬಂದ. ಅವನ ಹೆಸರನ್ನು ಹೋಡಿನೋಶೋನಿ ಜನ ಸುಮ್ನೆ ಬಾಯಿಗೆ ತರುವುದಿಲ್ಲ, ನಾನೂ ಬರೆಯುವುದಿಲ್ಲ. ಅವನ ಮಾತನ್ನು ಮೊದಲು ಒಪ್ಪಿದವಳು ಜಿಗೊನ್ಸಾಸೆ ಎಂಬ ಹೆಂಗಸು. ಹೆಣ್ಣುಮಕ್ಕಳನ್ನು ಕಳೆದುಕೊಂಡು ಕಾಡಿನಲ್ಲಿ ಅಲೆಯುತ್ತಿದ್ದ ಹಯವಾಥ ಅವನ ಜೊತೆ ಸೇರಿದ. ಒನೊಂಡಾಗಾದ ತಡೊಡಾಹೊ ಮಾತ್ರ ಒಪ್ಪಲಿಲ್ಲ. ಅವನು ಎಷ್ಟು ಕ್ರೂರಿ ಅಂದರೆ ತಲೆಗೂದಲ ತುಂಬಾ ಹಾವುಗಳಿದ್ದವಂತೆ. ಅವನನ್ನು ಅವರು ಕೊಲ್ಲಲಿಲ್ಲ. ಹಾಡಿ ಸಮಾಧಾನ ಮಾಡಿ, ಕೂದಲಿನಿಂದ ಹಾವುಗಳನ್ನು ಬಾಚಿ ತೆಗೆದು, ಅವನನ್ನೇ ಒಕ್ಕೂಟದ ಮುಖ್ಯ ಪೀಠದಲ್ಲಿ ಕೂರಿಸಿದರು. ಇವತ್ತಿಗೂ ಆ ಪೀಠದಲ್ಲಿ ಕೂರುವವರನ್ನು ತಡೊಡಾಹೊ ಎಂದೇ ಕರೆಯುತ್ತಾರೆ. ನನಗೆ ಈ ಕಥೆಯಲ್ಲಿ ತುಂಬ ಇಷ್ಟವಾದ ಭಾಗ ಇದು. ಎಷ್ಟೋ ಪುರಾಣಗಳಲ್ಲಿ ಇಂಥವನ ತಲೆ ಉರುಳುತ್ತದೆ.

ಒಂದು ಬಿಳಿ ಪೈನ್ ಮರವನ್ನು ಕಿತ್ತು, ಅದರ ಗುಂಡಿಯಲ್ಲಿ ಆಯುಧಗಳನ್ನು ಹಾಕಿ, ಮರವನ್ನು ಮತ್ತೆ ನೆಟ್ಟರು. ಇದೆಲ್ಲ ಯಾವಾಗ ನಡೆಯಿತು ಎಂಬುದರಲ್ಲಿ ಒಮ್ಮತ ಇಲ್ಲ. ಕೆಲವರು 1142ರ ಸೂರ್ಯಗ್ರಹಣಕ್ಕೆ ಗಂಟುಹಾಕುತ್ತಾರೆ. ಇನ್ನು ಕೆಲವರು 15-16ನೇ ಶತಮಾನ ಅನ್ನುತ್ತಾರೆ. ಹೋಡಿನೋಶೋನಿ ಜನಕ್ಕೆ ಆ ವಾದದಲ್ಲಿ ಅಂಥ ಆಸಕ್ತಿ ಇದ್ದಂತಿಲ್ಲ.

ಒಕ್ಕೂಟದ ಸಭೆಯಲ್ಲಿ 50 ನಾಯಕ ಪದವಿಗಳು. ಮೊಹಾಕ್ ಮತ್ತು ಸೆನೆಕಾ ಮೊದಲು ಮಾತಾಡಬೇಕು, ಆಮೇಲೆ ಒನೈಡಾ ಮತ್ತು ಕಯೂಗಾ, ಕೊನೆಗೆ ನಡುವಿನ ಬೆಂಕಿ ಕಾಯುವ ಒನೊಂಡಾಗಾ. ಮತ ಎಣಿಸುವ ಪದ್ಧತಿ ಇಲ್ಲ, ಎಲ್ಲರೂ ಒಪ್ಪುವ ತನಕ ಮಾತು. ನಾಯಕರು ಗಂಡಸರು. ಆದರೆ ಅವರನ್ನು ಆರಿಸುವವರು, ಸರಿಯಿಲ್ಲದಿದ್ದರೆ ಕೆಳಗಿಳಿಸುವವರು ಕುಲದ ಹಿರಿಯ ತಾಯಂದಿರು. ಮಕ್ಕಳು ತಾಯಿಯ ಕುಲಕ್ಕೆ ಸೇರಿದವರು. ಮನೆ, ಹೊಲ, ಹೊಲದ ಬೆಳೆ ಹೆಂಗಸರದು. ಮುಸುಕಿನ ಜೋಳ, ಹುರುಳಿಕಾಯಿ, ಕುಂಬಳ ಮೂರನ್ನೂ ಒಂದೇ ಗುಡ್ಡೆಯಲ್ಲಿ ನೆಡುತ್ತಿದ್ದರು. ಮೂವರು ಅಕ್ಕತಂಗಿಯರು ಅಂತ ಅವುಗಳಿಗೆ ಹೆಸರು. ಜೋಳದ ದಂಟಿನ ಮೇಲೆ ಬಳ್ಳಿ ಹಬ್ಬುತ್ತದೆ, ಕುಂಬಳದ ಎಲೆ ನೆಲಕ್ಕೆ ನೆರಳು ಕೊಟ್ಟು ಕಳೆ ತಡೆಯುತ್ತದೆ.

ಅಮೆರಿಕದ ಸಂವಿಧಾನಕ್ಕೆ ಈ ಒಕ್ಕೂಟವೇ ಮಾದರಿ ಎಂಬ ಮಾತು ಆಗಾಗ ಕೇಳಿಬರುತ್ತದೆ. 1744ರಲ್ಲಿ ಲ್ಯಾಂಕಾಸ್ಟರ್ ಸಭೆಯಲ್ಲಿ ಒನೊಂಡಾಗಾದ ಕನಸಟೇಗೊ ಎಂಬ ನಾಯಕ, ನಮ್ಮ ಹಾಗೆ ನೀವೂ ಒಂದಾಗಿ ಅಂತ ವಸಾಹತುಗಳಿಗೆ ಬುದ್ಧಿ ಹೇಳಿದ್ದು ನಿಜ. ಬೆಂಜಮಿನ್ ಫ್ರಾಂಕ್ಲಿನ್ ಅದನ್ನು ಅಚ್ಚು ಹಾಕಿದ್ದೂ ನಿಜ. 1988ರಲ್ಲಿ ಅಮೆರಿಕದ ಕಾಂಗ್ರೆಸ್ಸು ಆ ಋಣವನ್ನು ಒಪ್ಪಿ ನಿರ್ಣಯವನ್ನೂ ಮಾಡಿತು. ಇತಿಹಾಸಕಾರರು ಇನ್ನೂ ಜಗಳವಾಡುತ್ತಿದ್ದಾರೆ. ನನಗೇನೋ ಅನುಮಾನ. ಸಾಲ ತಂದದ್ದೇ ಆಗಿದ್ದರೆ ಹೆಂಗಸರನ್ನು ಮಾತ್ರ ಅಲ್ಲೇ ಬಿಟ್ಟು ತಂದರು.

ಈ ಜನ ಲಿಪಿ ಬಳಸುತ್ತಿರಲಿಲ್ಲ. ಮಾತನ್ನು ಕಾಪಾಡಲು ಅವರಿಗಿದ್ದದ್ದು ವಾಂಪಮ್. ಕಡಲ ಚಿಪ್ಪನ್ನು ಕೊರೆದು ಮಾಡಿದ ಬಿಳಿ ಮತ್ತು ನೇರಳೆ ಮಣಿಗಳ ಪಟ್ಟಿ. ಇದನ್ನು ಆಗಿನ ಹಣ ಅಂತ ಎಷ್ಟೋ ಕಡೆ ಬರೆದಿರುತ್ತಾರೆ. ವ್ಯಾಪಾರಕ್ಕೆ ಹಾಗೆ ಬಳಸಿದವರು ಮುಖ್ಯವಾಗಿ ಯುರೋಪಿನವರು. ಹೋಡಿನೋಶೋನಿ ಜನಕ್ಕೆ ಅದು ಕೊಟ್ಟ ಮಾತಿನ ಗುರುತು. ಪಟ್ಟಿ ಇಲ್ಲದೆ ಆಡಿದ ಮಾತಿಗೆ ತೂಕ ಇಲ್ಲ. ಪಟ್ಟಿ ಹಿಡಿದವನು ಆ ಮಾತನ್ನು ಬಾಯಿಪಾಠ ಹೇಳಬೇಕು, ಮುಂದಿನವನಿಗೆ ಕಲಿಸಬೇಕು. ಹೇಳುವುದನ್ನು ನಿಲ್ಲಿಸಿದ ದಿನ ಪಟ್ಟಿ ಬರೀ ಮಣಿ. ಡಚ್ಚರ ಜೊತೆ ಆದ ಮೊದಲ ಒಪ್ಪಂದದ ಪಟ್ಟಿ ಅಂತ ಅವರು ತೋರಿಸುವುದರಲ್ಲಿ ಬಿಳಿ ಹಿನ್ನೆಲೆಯ ಮೇಲೆ ಎರಡು ನೇರಳೆ ಸಾಲುಗಳಿವೆ. ಒಂದೇ ಹೊಳೆಯಲ್ಲಿ ಪಕ್ಕಪಕ್ಕ ಸಾಗುವ ಎರಡು ದೋಣಿ. ಒಬ್ಬರ ದೋಣಿಯ ಚುಕ್ಕಾಣಿಗೆ ಇನ್ನೊಬ್ಬರು ಕೈ ಹಾಕಬಾರದು.

ಇಷ್ಟು ಓದಿ ಇವರನ್ನು ಸಾಧುಸಂತರು ಅಂದುಕೊಳ್ಳಬೇಡಿ. 17ನೇ ಶತಮಾನದಲ್ಲಿ ಬೀವರ್ ತುಪ್ಪಳದ ವ್ಯಾಪಾರಕ್ಕಾಗಿ, ಡಚ್ಚರಿಂದ ಬಂದ ಕೋವಿ ಹಿಡಿದು ಸುತ್ತಲಿನವರನ್ನು ಚೆದುರಿಸಿದರು. 1649ರಲ್ಲಿ ವೆಂಡಾಟ್ ಜನರ ಊರುಗಳನ್ನು ಸುಟ್ಟರು. ಅವರೂ ಇದೇ ಭಾಷಾ ಕುಟುಂಬದವರು. ಚೆರೋಕೀ ಜನರ ಜೊತೆಗೂ ಬಹಳ ಕಾಲ ಯುದ್ಧ. ಬೆಟ್ಟಸಾಲಿನ ಉದ್ದಕ್ಕೂ ಒಂದು ಕಾಲುದಾರಿಯಿತ್ತು, ಉತ್ತರದ ಯೋಧರು ಅದರಲ್ಲಿ ಇಳಿದು ಬರುತ್ತಿದ್ದರು, ದಕ್ಷಿಣದವರು ಹತ್ತಿ ಹೋಗುತ್ತಿದ್ದರು.

1768ರ ಮಾರ್ಚಿನಲ್ಲಿ ಚೆರೋಕೀ ನಾಯಕರಾದ ಒಕೊನೊಸ್ಟೋಟ ಮತ್ತು ಅಟಕುಲ್ಲಕುಲ್ಲ ಅಷ್ಟು ದೂರ ಉತ್ತರಕ್ಕೆ ಹೋದರು. ಮೊಹಾಕ್ ನೆಲದಲ್ಲಿ ವಿಲಿಯಮ್ ಜಾನ್ಸನ್ ಎಂಬ ಬ್ರಿಟಿಷ್ ಅಧಿಕಾರಿಯ ಮನೆಯಲ್ಲಿ ಇರೊಕ್ವಾಯ್ ಒಕ್ಕೂಟದ ಜೊತೆ ಶಾಂತಿ ಮಾಡಿಕೊಂಡರು. ಅದೇ ವರ್ಷ ನವೆಂಬರಿನಲ್ಲಿ ಫೋರ್ಟ್ ಸ್ಟಾನ್‌ವಿಕ್ಸ್ ಎಂಬಲ್ಲಿ ಒಕ್ಕೂಟದ ನಾಯಕರು ಓಹೈಯೊ ನದಿಯ ದಕ್ಷಿಣದ ಅಪಾರ ನೆಲವನ್ನು ಬ್ರಿಟಿಷರಿಗೆ ಬರೆದುಕೊಟ್ಟರು. ಸುಮಾರು ಹತ್ತು ಸಾವಿರ ಪೌಂಡ್ ಸಿಕ್ಕಿತು. ಆ ಕಾಡುಗಳಲ್ಲಿ ಬೇಟೆಯಾಡುತ್ತಿದ್ದವರು ಶಾನೀ ಜನ ಮತ್ತು ಚೆರೋಕೀ ಜನ. ಕರಾರಿನಲ್ಲಿ ಗಡಿ ಮುಟ್ಟುವ ನದಿಯ ಹೆಸರೇ ಚೆರೋಕೀ ನದಿ, ಈಗಿನ ಟೆನೆಸೀ. ಎಂಟು ತಿಂಗಳ ಹಿಂದೆ ಕೈ ಹಿಡಿದವರ ನೆಲವನ್ನು ಮಾರಿದ್ದು! ತಮ್ಮ ಸ್ವಂತ ನೆಲಕ್ಕೆ ಬಿಳಿಯರು ನುಗ್ಗದಿರಲಿ, ಅವರ ಗಮನ ದಕ್ಷಿಣಕ್ಕೆ ತಿರುಗಲಿ ಎಂಬ ಲೆಕ್ಕ ಅವರದು. ಲೆಕ್ಕ ಕೆಲಸ ಮಾಡಲಿಲ್ಲ. ಅಮೆರಿಕದ ಸ್ವಾತಂತ್ರ್ಯ ಯುದ್ಧದಲ್ಲಿ ಒಕ್ಕೂಟವೇ ಒಡೆಯಿತು. ಒನೈಡಾ ಮತ್ತು ಒಕ್ಕೂಟಕ್ಕೆ ಆಮೇಲೆ ಸೇರಿದ ಟಸ್ಕರೋರಾ ಜನರಲ್ಲಿ ಹೆಚ್ಚಿನವರು ಅಮೆರಿಕದ ಕಡೆ, ಮೊಹಾಕ್ ನಾಯಕ ಜೋಸೆಫ್ ಬ್ರಾಂಟ್ ಮತ್ತು ಉಳಿದವರು ಬ್ರಿಟಿಷರ ಕಡೆ. 1779ರಲ್ಲಿ ವಾಷಿಂಗ್ಟನ್ ಕಳಿಸಿದ ಸೈನ್ಯ 40ಕ್ಕೂ ಹೆಚ್ಚು ಊರುಗಳನ್ನು ಸುಟ್ಟಿತು. ಕೊಯ್ಲಿಗೆ ಬಂದ ಜೋಳವನ್ನು ಬಿಡಲಿಲ್ಲ, ಹಣ್ಣಿನ ತೋಟಗಳನ್ನು ಕಡಿದುಹಾಕಿತು. ಹೋಡಿನೋಶೋನಿ ಜನ ಇವತ್ತಿಗೂ ಅಮೆರಿಕದ ಅಧ್ಯಕ್ಷರನ್ನು, ಯಾರೇ ಇರಲಿ, ಊರು ಹಾಳುಮಾಡುವವನು ಎಂಬ ಹೆಸರಿನಿಂದಲೇ ಕರೆಯುತ್ತಾರೆ. ಬಟ್ಟೆಯ ಕರಾರು ಆದದ್ದು ಇದಾದ ಹದಿನೈದು ವರ್ಷಕ್ಕೆ.

ಈಗ ದಕ್ಷಿಣದ ಕಡೆ.

ಚೆರೋಕೀ ಜನರಿಗೂ ತಾಯಿಯ ಕಡೆಯಿಂದಲೇ ಕುಲ. ಏಳು ಕುಲಗಳು: ತೋಳ, ಜಿಂಕೆ, ಹಕ್ಕಿ, ಬಣ್ಣ, ಉದ್ದಗೂದಲು, ನೀಲಿ, ಕಾಡುಗೆಣಸು. ಮಗುವಿನ ಮೇಲೆ ಅಪ್ಪನಿಗಿಂತ ಸೋದರಮಾವನ ಅಧಿಕಾರ ಜಾಸ್ತಿ. ಜೋಳ ಬಂದದ್ದು ಸೆಲು ಎಂಬ ತಾಯಿಯಿಂದ ಅಂತ ಅವರ ನಂಬಿಕೆ. ನ್ಯಾನ್ಯೆಹಿ ಎಂಬ ಹೆಂಗಸು 1755ರ ಯುದ್ಧದಲ್ಲಿ ಗಂಡ ಸತ್ತ ಮೇಲೆ ತಾನೇ ಕೋವಿ ಹಿಡಿದಳಂತೆ, ಆಮೇಲೆ ಸಭೆಯಲ್ಲಿ ಮಾತಾಡುವ ದೊಡ್ಡ ಪದವಿ ಪಡೆದಳು. 1817ರಲ್ಲಿ, ಮುದುಕಿಯಾಗಿದ್ದಾಗ, ಇನ್ನು ನೆಲ ಮಾರಬೇಡಿ ಅಂತ ಗಂಡಸರ ಸಭೆಗೆ ಹೆಂಗಸರ ಪರವಾಗಿ ಹೇಳಿಕಳಿಸಿದಳು.

ಆ ಹೊತ್ತಿಗೆ ಚೆರೋಕೀ ಜನರ ಸುತ್ತ ಜಾರ್ಜಿಯಾ, ಟೆನೆಸೀ ಬೆಳೆಯುತ್ತಿದ್ದವು. ನಾಗರಿಕರಾಗಿ, ನಮ್ಮ ಹಾಗೆ ಆಗಿ, ಆಗ ನಿಮ್ಮನ್ನು ಬಿಡುತ್ತೇವೆ ಅನ್ನುವುದು ಸರ್ಕಾರದ ರಾಗ. ಚೆರೋಕೀ ನಾಯಕರು ಅದನ್ನು ಅಕ್ಷರಶಃ ನಂಬಿ ನಡೆದರು. ನೇಗಿಲು, ಮಗ್ಗ, ಮಿಷನ್ ಶಾಲೆ ಬಂದವು. 1814ರ ಹಾರ್ಸ್‌ಶೂ ಬೆಂಡ್ ಕದನದಲ್ಲಿ ಅಮೆರಿಕದ ಸೇನಾಪತಿ ಆಂಡ್ರ್ಯೂ ಜಾಕ್ಸನ್ ಪರವಾಗಿ ಹೋರಾಡಿ ಗೆಲ್ಲಿಸಿದವರಲ್ಲಿ ನೂರಾರು ಚೆರೋಕೀ ಯೋಧರಿದ್ದರು. ಅಲ್ಲಿದ್ದವರು ಯಾರುಯಾರು ನೋಡಿ. ಮುಂದೆ ಮುಖ್ಯ ನಾಯಕನಾದ ಜಾನ್ ರಾಸ್, ಮೇಜರ್ ಪದವಿ ಪಡೆದ ರಿಡ್ಜ್, ಮತ್ತು ಸೆಕ್ವೋಯ.

ಸೆಕ್ವೋಯ ಬೆಳ್ಳಿ ಕೆಲಸದವನು. ಕಾಲು ಕುಂಟು. ಇಂಗ್ಲಿಷ್ ಓದಲು ಬರುತ್ತಿರಲಿಲ್ಲ. ಬಿಳಿಯರು ಕಾಗದದ ಮೇಲೆ ಗೀಚಿ ದೂರದವರ ಜೊತೆ ಮಾತಾಡುತ್ತಾರೆ, ನಮಗೆ ಯಾಕಾಗಬಾರದು ಎಂಬ ಹಟಕ್ಕೆ ಬಿದ್ದ. ಮೊದಲು ಪದಕ್ಕೊಂದು ಗುರುತು ಮಾಡಲು ಹೋದ, ಅದು ಸಾವಿರಗಟ್ಟಲೆ ಆಯಿತು. ಆಮೇಲೆ ಪದಗಳನ್ನು ಒಡೆದು ಕೇಳುತ್ತಾ ಹೋದ. ಮಾಟ ಮಾಡುತ್ತಿದ್ದಾನೆ ಅಂತ ಊರವರು ಆಡಿಕೊಂಡರು. ಬರೆದದ್ದನ್ನೆಲ್ಲ ಹೆಂಡತಿ ಸುಟ್ಟುಹಾಕಿದಳು ಅಂತಲೂ ಒಂದು ಕಥೆ ಇದೆ. 1821ರ ಹೊತ್ತಿಗೆ ಲಿಪಿ ಸಿದ್ಧವಾಯಿತು. ಅವನನ್ನು ಒಂದು ಕಡೆ, ಅವನ ಪುಟ್ಟ ಮಗಳನ್ನು ಇನ್ನೊಂದು ಕಡೆ ಕೂರಿಸಿ, ಒಬ್ಬರು ಬರೆದದ್ದನ್ನು ಇನ್ನೊಬ್ಬರಿಂದ ಓದಿಸಿ ಹಿರಿಯರು ಪರೀಕ್ಷೆ ಮಾಡಿದರಂತೆ.

ನಮಗೆ ಕನ್ನಡದವರಿಗೆ ಈ ಲಿಪಿ ಅರ್ಧ ಪರಿಚಿತ, ಅರ್ಧ ವಿಚಿತ್ರ. ಒಂದು ಗುರುತು ಅಂದರೆ ವ್ಯಂಜನ ಮತ್ತು ಸ್ವರ ಕೂಡಿದ ಇಡೀ ಉಚ್ಚಾರ, ನಮ್ಮ ಹಾಗೇ. ಆದರೆ ಕಾಗುಣಿತ ಇಲ್ಲ. ನಮ್ಮಲ್ಲಿ ಗ, ಗಿ, ಗು, ಗೊ ಎಲ್ಲದರಲ್ಲೂ ಗ ಕಾಣಿಸುತ್ತದೆ. ಅವನ ಲಿಪಿಯಲ್ಲಿ ಅವು ಒಂದಕ್ಕೊಂದು ಸಂಬಂಧವಿಲ್ಲದ ಆಕಾರಗಳು. ಕೆಲವು ಇಂಗ್ಲಿಷ್ ಅಕ್ಷರದ ಹಾಗೆ ಕಾಣುತ್ತವೆ, ಓದಿದರೆ ಬೇರೆಯೇ. ಡಿ ಆಕಾರದ್ದು ಅ, ಡಬ್ಲ್ಯೂ ಆಕಾರದ್ದು ಲ, ಎಂ ಆಕಾರದ್ದು ಲು. ಒಟ್ಟು 85 ಗುರುತು ಕಲಿತರೆ ಮುಗಿಯಿತು, ಕಾಗುಣಿತದ ತಪ್ಪು ಎನ್ನುವುದೇ ಇಲ್ಲ. ಕೆಲವೇ ವರ್ಷಗಳಲ್ಲಿ ಸಾವಿರಾರು ಜನ, ಶಾಲೆಯ ಮುಖ ನೋಡದವರು, ಒಬ್ಬರಿಂದ ಒಬ್ಬರು ಕಲಿತು ಓದಿ ಬರೆಯತೊಡಗಿದರು. ಅಕ್ಷರ ಗೊತ್ತಿಲ್ಲದ ಒಬ್ಬ ಮನುಷ್ಯ ತನ್ನ ಭಾಷೆಗೆ ಲಿಪಿಯನ್ನೇ ಮಾಡಿದ್ದು ಲೋಕದಲ್ಲಿ ತೀರಾ ಅಪರೂಪ.

1827ರಲ್ಲಿ ಸಂವಿಧಾನ. 1828ರ ಫೆಬ್ರವರಿ 21ರಂದು ನ್ಯೂ ಎಕೋಟಾ ಎಂಬ ರಾಜಧಾನಿಯಿಂದ ಚೆರೋಕೀ ಫೀನಿಕ್ಸ್ ಪತ್ರಿಕೆ. ಅಚ್ಚಿನ ಮೊಳೆಗಳನ್ನು ಬಾಸ್ಟನ್ನಿನಲ್ಲಿ ಎರಕ ಹೊಯ್ಯಿಸಿ ತಂದಿದ್ದರು. ಪತ್ರಿಕೆ ಎರಡು ಭಾಷೆಯಲ್ಲಿ, ಚೆರೋಕೀ ಮತ್ತು ಇಂಗ್ಲಿಷ್. ಸಂಪಾದಕ ಇಲಾಯಸ್ ಬೌಡಿನಾಟ್, ಚೆರೋಕೀ ಯುವಕ.

ಕಲಿತದ್ದಕ್ಕೆ ಬೆಲೆಯೂ ಇತ್ತು. ಇದನ್ನು ಬಿಟ್ಟು ಬರೆಯುವವರು ಜಾಸ್ತಿ. ಆ ಹೊಸ ಸಂವಿಧಾನದಲ್ಲಿ ಮತ ಹಾಕುವ ಹಕ್ಕು ಗಂಡಸರಿಗೆ ಮಾತ್ರ. ನ್ಯಾನ್ಯೆಹಿ ಕೂತು ಮಾತಾಡಿದ್ದ ಸಭೆಯಲ್ಲಿ ಹೆಂಗಸರಿಗೆ ಜಾಗವೇ ಉಳಿಯಲಿಲ್ಲ. ಇನ್ನೊಂದು, ದಕ್ಷಿಣದ ಬಿಳಿ ಜಮೀನುದಾರರಿಂದ ಕರಿಯರನ್ನು ಗುಲಾಮರಾಗಿ ಇಟ್ಟುಕೊಳ್ಳುವುದನ್ನೂ ಕಲಿತರು. 1835ರ ಜನಗಣತಿಯಲ್ಲಿ ಚೆರೋಕೀ ನೆಲದಲ್ಲಿ ಸುಮಾರು 1,600 ಗುಲಾಮರು ಸಿಗುತ್ತಾರೆ. ಜಾನ್ ರಾಸ್ ಹತ್ತಿರವೂ ಇದ್ದರು, ರಿಡ್ಜ್ ಹತ್ತಿರವೂ ಇದ್ದರು. ನಾಗರಿಕತೆ ಅಂತ ಕೊಟ್ಟ ಗಂಟಿನಲ್ಲಿ ಇದೂ ಇತ್ತು, ಬೇಡ ಅಂತ ತೆಗೆದಿಡುವ ಸ್ವಾತಂತ್ರ್ಯವೂ ಅವರಿಗಿತ್ತು. ಗುಲಾಮರ ವಂಶದವರಿಗೆ ಚೆರೋಕೀ ಪೌರತ್ವ ಕೊಡಬೇಕೇ ಎಂಬ ಜಗಳ 1866ರ ಒಪ್ಪಂದದಿಂದ ಶುರುವಾಗಿ ಮೊನ್ನೆ ಮೊನ್ನೆಯವರೆಗೆ ನಡೆಯಿತು. ರಕ್ತದಿಂದ ಚೆರೋಕೀ ಆದವರು ಎಂಬ ಮಾತನ್ನು ಅವರದೇ ಸುಪ್ರೀಂ ಕೋರ್ಟು ಕಾನೂನುಗಳಿಂದ ತೆಗೆಸಿದ್ದು 2021ರಲ್ಲಿ.

1820ರ ದಶಕದ ಕೊನೆಗೆ ಜಾರ್ಜಿಯಾದ ಡಲೋನೆಗಾ ಹತ್ತಿರ ಚಿನ್ನ ಸಿಕ್ಕಿತು. ಅಲ್ಲಿಗೆ ಮುಗಿಯಿತು. 1830ರಲ್ಲಿ, ಆಗ ಅಮೆರಿಕದ ಅಧ್ಯಕ್ಷನಾಗಿದ್ದ ಜಾಕ್ಸನ್, ಮೂಲನಿವಾಸಿಗಳನ್ನು ಮಿಸಿಸಿಪ್ಪಿ ನದಿಯ ಆಚೆ ಸಾಗಿಸುವ ಕಾನೂನು ಮಾಡಿಸಿದ. ಕೆಳಮನೆಯಲ್ಲಿ ಅದು ಗೆದ್ದದ್ದು 102ಕ್ಕೆ 97 ಮತದಿಂದ. ಜಾರ್ಜಿಯಾ ಚೆರೋಕೀ ಸರ್ಕಾರವೇ ಕಾನೂನುಬಾಹಿರ ಅಂದಿತು, ಅವರ ನೆಲವನ್ನು ಲಾಟರಿ ಎತ್ತಿ ಬಿಳಿಯರಿಗೆ ಹಂಚಿತು. 1835ರಲ್ಲಿ ಜಾನ್ ರಾಸ್ ವಾಷಿಂಗ್ಟನ್ನಿನಿಂದ ಮನೆಗೆ ಬಂದು ನೋಡಿದರೆ ಲಾಟರಿ ಹೊಡೆದವರು ಮನೆಯೊಳಗೆ ಸೇರಿಕೊಂಡಿದ್ದರು.

ಚೆರೋಕೀ ಜನ ಕೋವಿ ಎತ್ತಲಿಲ್ಲ, ವಕೀಲರನ್ನು ಹಿಡಿದರು. ಜಾರ್ಜಿಯಾದ ಅನುಮತಿ ಇಲ್ಲದೆ ಚೆರೋಕೀ ನೆಲದಲ್ಲಿ ವಾಸ ಮಾಡಿದ್ದಕ್ಕೆ ಸಾಮ್ಯುಯೆಲ್ ವೂಸ್ಟರ್ ಎಂಬ ಪಾದ್ರಿಗೆ ನಾಲ್ಕು ವರ್ಷ ಕಠಿಣ ಶಿಕ್ಷೆಯಾಗಿತ್ತು. ಆ ಮೊಕದ್ದಮೆ ಸುಪ್ರೀಂ ಕೋರ್ಟಿಗೆ ಹೋಯಿತು. 1832ರ ಮಾರ್ಚಿನಲ್ಲಿ ಮುಖ್ಯ ನ್ಯಾಯಮೂರ್ತಿ ಜಾನ್ ಮಾರ್ಷಲ್ ತೀರ್ಪು ಕೊಟ್ಟರು: ಚೆರೋಕೀ ನೆಲದಲ್ಲಿ ಜಾರ್ಜಿಯಾದ ಕಾನೂನು ನಡೆಯುವುದಿಲ್ಲ. ಪೂರ್ತಿ ಗೆಲುವು. ಮಾರ್ಷಲ್ ತೀರ್ಪು ಕೊಟ್ಟಾಯಿತಲ್ಲ, ಈಗ ಅವನೇ ಜಾರಿ ಮಾಡಲಿ ಅಂತ ಜಾಕ್ಸನ್ ಅಂದನಂತೆ. ಅವನು ಹಾಗೆ ಹೇಳಿದ್ದಕ್ಕೆ ಗಟ್ಟಿ ಸಾಕ್ಷಿ ಇಲ್ಲ. ಹೇಳುವ ಅಗತ್ಯವೂ ಇರಲಿಲ್ಲ, ಅವನು ಏನೂ ಮಾಡದೆ ಕೂತರೆ ಸಾಕಿತ್ತು. ಜಾರ್ಜಿಯಾ ವೂಸ್ಟರನನ್ನು ಬಿಟ್ಟದ್ದು ಮುಂದಿನ ವರ್ಷ. ಅವನಿಗೂ ಅವನ ಜೊತೆಗಾರನಿಗೂ ಕ್ಷಮೆ ಕೊಟ್ಟದ್ದು 1992ರಲ್ಲಿ!

ಗೆದ್ದೂ ಸೋತ ಮೇಲೆ ಕೆಲವರು ಕೈಚೆಲ್ಲಿದರು. ಮೇಜರ್ ರಿಡ್ಜ್, ಅವನ ಮಗ ಜಾನ್ ರಿಡ್ಜ್, ಪತ್ರಿಕೆಯ ಬೌಡಿನಾಟ್. ಹೇಗೂ ನೆಲ ಹೋಗುತ್ತದೆ, ಸಿಕ್ಕಷ್ಟು ಬೆಲೆಗೆ ಕೊಟ್ಟು ಜನ ಉಳಿದರೆ ಸಾಕು ಎಂಬುದು ಅವರ ವಾದ. 1835ರ ಡಿಸೆಂಬರ್ 29ರಂದು ನ್ಯೂ ಎಕೋಟಾದಲ್ಲಿ, ಕೆಲವು ನೂರು ಜನರ ಸಭೆಯಲ್ಲಿ, ಚೆರೋಕೀ ಸರ್ಕಾರದ ಒಪ್ಪಿಗೆ ಇಲ್ಲದೆ, 50 ಲಕ್ಷ ಡಾಲರಿಗೆ ಇಡೀ ನೆಲ ಬರೆದುಕೊಡುವ ಒಪ್ಪಂದವಾಯಿತು. ಇದು ಮೋಸ ಅಂತ ರಾಸ್ ಸಾವಿರಾರು ಜನರ ಸಹಿ ಹಾಕಿಸಿದ ಮನವಿ ಒಯ್ದ. ಸೆನೆಟ್ಟು ಒಂದೇ ಒಂದು ಹೆಚ್ಚುವರಿ ಮತದಿಂದ ಒಪ್ಪಂದವನ್ನು ಮಂಜೂರು ಮಾಡಿತು.

1838ರ ಬೇಸಿಗೆಯಲ್ಲಿ ಜನರಲ್ ವಿನ್‌ಫೀಲ್ಡ್ ಸ್ಕಾಟ್ ಸೈನಿಕರ ಜೊತೆ ಬಂದ. ಉಣ್ಣುತ್ತಿದ್ದವರನ್ನು, ಹೊಲದಲ್ಲಿದ್ದವರನ್ನು ಎಬ್ಬಿಸಿ ದೊಡ್ಡಿಗಳಿಗೆ ತುಂಬಿದರು. ಆಮಶಂಕೆ, ನಾಯಿಕೆಮ್ಮು. ಮೊದಲ ತಂಡಗಳನ್ನು ಸೈನ್ಯವೇ ಸಾಗಿಸಿತು. ಸಾವು ಕಂಡು ರಾಸ್, ನಮ್ಮ ಜನರನ್ನು ನಾವೇ ಕರೆದೊಯ್ಯುತ್ತೇವೆ ಅಂತ ಕೇಳಿಕೊಂಡ. ಶರತ್ಕಾಲದಲ್ಲಿ ಹೊರಟ ತಂಡಗಳು ಚಳಿಗಾಲದ ನಡುವೆ ಇಲಿನಾಯ್ ದಕ್ಷಿಣದಲ್ಲಿ, ಹಿಮ ತುಂಬಿದ ಮಿಸಿಸಿಪ್ಪಿ ದಾಟಲಾಗದೆ ಬಯಲಲ್ಲಿ ಕಾದವು. ಸುಮಾರು 16,000 ಜನ ಹೊರಟಿದ್ದರು. ದೊಡ್ಡಿಗಳಲ್ಲಿ, ದಾರಿಯಲ್ಲಿ ಸುಮಾರು 4,000 ಜನ ಸತ್ತರು ಅಂತ ಅಂದಾಜು. ರಾಸನ ಹೆಂಡತಿಯೂ ದಾರಿಯಲ್ಲಿ ಸತ್ತಳು. ಚೆರೋಕೀ ಒಡೆಯರ ಕರಿಯ ಗುಲಾಮರೂ ಆ ದಾರಿ ನಡೆದರು. ಈ ಪಯಣದ ಬಗ್ಗೆ ಕಣ್ಣೀರಿನ ಹಾದಿ ಅಂತ ಹಾಡು, ಚಿತ್ರ, ನಾಟಕ ಬೇಕಾದಷ್ಟು ಇವೆ, ನಾನು ಇಲ್ಲಿಗೇ ನಿಲ್ಲಿಸುತ್ತೇನೆ.

ನದಿಯ ಆಚೆ, ಈಗಿನ ಒಕ್ಲಹೋಮಾ ಮುಟ್ಟಿದ ಮೇಲೆ, 1839ರ ಜೂನ್ 22ರಂದು, ಒಂದೇ ದಿನ ಮೂರು ಕಡೆ ಇಬ್ಬರು ರಿಡ್ಜ್‌ಗಳನ್ನೂ ಬೌಡಿನಾಟನನ್ನೂ ಕೊಂದರು. ಸಭೆಯ ಒಪ್ಪಿಗೆ ಇಲ್ಲದೆ ನೆಲ ಮಾರಿದವನಿಗೆ ಸಾವು ಎಂಬುದು ಚೆರೋಕೀ ಕಾನೂನು. ನೆಲ ಮಾರಿದ ಡಬಲ್‌ಹೆಡ್ ಎಂಬ ನಾಯಕನನ್ನು 1807ರಲ್ಲಿ ಕೊಂದವರಲ್ಲಿ ರಿಡ್ಜ್ ತಾನೇ ಒಬ್ಬನಾಗಿದ್ದ. ಸಹಿ ಹಾಕುವಾಗ ಇದರ ಅರ್ಥ ಅವನಿಗೆ ಚೆನ್ನಾಗಿ ಗೊತ್ತಿತ್ತು.

ಹೋಡಿನೋಶೋನಿ ಜನ ಇಂಥ ಸಂವಿಧಾನ ಬರೆಯಲಿಲ್ಲ ಅಂತಲ್ಲ. ಸೆನೆಕಾ ಜನರಲ್ಲೇ ಒಂದು ಪಾಲು 1848ರಲ್ಲಿ ಚುನಾವಣೆಯ ಸರ್ಕಾರಕ್ಕೆ ಹೋಯಿತು. ಆದರೆ ಒಕ್ಕೂಟದ ಹಳೆಯ ಸಭೆ ನಿಲ್ಲಲಿಲ್ಲ. 1923ರಲ್ಲಿ, ಕೆನಡಾದಲ್ಲಿ ನೆಲೆಸಿದ್ದ ಹೋಡಿನೋಶೋನಿ ಜನರ ಪರವಾಗಿ ಕಯೂಗಾ ನಾಯಕ ಡೆಸ್ಕಾಹೆ, ಕೆನಡಾ ನಮ್ಮ ಸಭೆಯನ್ನು ಮುರಿಯುತ್ತಿದೆ ಅಂತ ಜಿನೀವಾದ ರಾಷ್ಟ್ರಸಂಘದ ಬಾಗಿಲು ತಟ್ಟಿದ. ಹೋದದ್ದು ಹೋಡಿನೋಶೋನಿ ಪಾಸ್‌ಪೋರ್ಟಿನಲ್ಲಿ. ಬ್ರಿಟನ್ ಅಡ್ಡ ಹಾಕಿತು. ಮುಂದಿನ ವರ್ಷ ಕೆನಡಾ ಪೊಲೀಸರು ಗ್ರ್ಯಾಂಡ್ ರಿವರ್ ಎಂಬಲ್ಲಿನ ಅವರ ಸಭೆಯಿಂದ ವಾಂಪಮ್ ಪಟ್ಟಿಗಳನ್ನೇ ಎತ್ತಿಕೊಂಡು ಹೋದರು. ಅದೇ 1924ರಲ್ಲಿ ಅಮೆರಿಕ ಎಲ್ಲ ಮೂಲನಿವಾಸಿಗಳಿಗೂ ಪೌರತ್ವ ಕೊಟ್ಟಾಗ ಒಕ್ಕೂಟ ಬೇಡ ಅಂದಿತು. ನ್ಯೂಯಾರ್ಕಿನ ಮ್ಯೂಸಿಯಮ್ಮಿನಲ್ಲಿದ್ದ 12 ಪಟ್ಟಿಗಳು ಒನೊಂಡಾಗಾಕ್ಕೆ ವಾಪಸ್ ಬಂದದ್ದು 1989ರಲ್ಲಿ. 2010ರಲ್ಲಿ ಅವರ ಲಕ್ರಾಸ್ (ಬಲೆ ಕಟ್ಟಿದ ಕೋಲಿನಿಂದ ಚೆಂಡು ಹಿಡಿದು ಎಸೆಯುವ ಆಟ) ತಂಡ ವಿಶ್ವ ಪಂದ್ಯಕ್ಕೆ ಇಂಗ್ಲೆಂಡಿಗೆ ಹೊರಟಾಗ ಬ್ರಿಟನ್ ಅವರ ಪಾಸ್‌ಪೋರ್ಟ್ ಒಪ್ಪಲಿಲ್ಲ. ಅಮೆರಿಕದ ಪಾಸ್‌ಪೋರ್ಟ್ ಹಿಡಿದರೆ ಹೋಗಬಹುದಿತ್ತು. ಹಿಡಿಯಲಿಲ್ಲ, ಆಟ ಬಿಟ್ಟರು. ಆ ಆಟವನ್ನು ಲೋಕಕ್ಕೆ ಕೊಟ್ಟವರಲ್ಲಿ ಅವರೇ ಮುಖ್ಯರು. 2028ರ ಲಾಸ್ ಏಂಜಲೀಸ್ ಒಲಿಂಪಿಕ್ಸಿಗೆ ಲಕ್ರಾಸ್ ಮತ್ತೆ ಸೇರಿದಾಗ, ತಮ್ಮ ಬಾವುಟದ ಕೆಳಗೇ ಆಡಲು ಬಿಡಿ ಅಂತ ಅವರು ಕೇಳಿದ್ದೂ ಇದೇ ಹಟದಿಂದ.

ಹಟ ನೆಲ ಉಳಿಸಿತೇ? ಸೆನೆಕಾ ನೆಲಕ್ಕೆ ಕೈ ಹಾಕುವುದಿಲ್ಲ ಅಂತ 1794ರ ಅದೇ ಕರಾರಿನಲ್ಲಿ ಬರೆದಿತ್ತು. 1965ರಲ್ಲಿ ಮುಗಿದ ಕಿಂಜುವಾ ಅಣೆಕಟ್ಟು ಅವರ ಸುಮಾರು 10,000 ಎಕರೆ ಮುಳುಗಿಸಿತು, ಸುಮಾರು 600 ಜನ ಎದ್ದುಹೋದರು. ಕರಾರಿನ ಒಂದು ಸಾಲನ್ನು ನೀರಿಗೆ ಹಾಕಿ ಇನ್ನೊಂದು ಸಾಲಿನ ಬಟ್ಟೆಯನ್ನು ಮಾತ್ರ ಕಳಿಸುತ್ತಾ ಹೋದರು. ದಕ್ಷಿಣದಲ್ಲೂ ಇದೇ ಕಥೆ. 1979ರಲ್ಲಿ ಟೆಲಿಕೊ ಅಣೆಕಟ್ಟಿನ ನೀರು ಚೆರೋಕೀ ಜನರ ಹಳೆಯ ಪಟ್ಟಣ ಚೋಟಾವನ್ನೂ, ಸೆಕ್ವೋಯ ಹುಟ್ಟಿದ ಟಸ್ಕೀಗಿಯನ್ನೂ ನುಂಗಿತು.

ಅವನ ಲಿಪಿ ಈಗ ಮೊಬೈಲ್ ಫೋನಿನಲ್ಲಿದೆ, ಕಂಪ್ಯೂಟರಿನಲ್ಲಿದೆ. ಭಾಷೆಯನ್ನು ಸರಾಗವಾಗಿ ಆಡುವವರು ಮಾತ್ರ 2019ರ ಹೊತ್ತಿಗೆ ಸುಮಾರು ಎರಡು ಸಾವಿರ, ಹೆಚ್ಚಿನವರು ವಯಸ್ಸಾದವರು. 2019ರಲ್ಲಿ ಮೂರೂ ಚೆರೋಕೀ ಸರ್ಕಾರಗಳು ಸೇರಿ ಭಾಷೆಗೆ ತುರ್ತುಸ್ಥಿತಿ ಸಾರಿದವು. ಮೂರು ಯಾಕೆ ಅಂದರೆ ಒಕ್ಲಹೋಮಾದಲ್ಲಿ ಎರಡು, ಬೆಟ್ಟ ಬಿಡದೆ ಉಳಿದವರ ಮಕ್ಕಳದು ಉತ್ತರ ಕೆರೊಲಿನಾದಲ್ಲಿ ಒಂದು. ಹೆಂಗಸರ ಜಾಗದ ವಿಷಯಕ್ಕೂ ಒಂದು ಮಾತು: 1985ರಲ್ಲಿ ವಿಲ್ಮಾ ಮ್ಯಾನ್‌ಕಿಲ್ಲರ್, ಒಕ್ಲಹೋಮಾದ ಆ ಎರಡರಲ್ಲಿ ಒಂದಾದ ಚೆರೋಕೀ ನೇಶನ್ನಿನ ಮುಖ್ಯ ನಾಯಕಿಯಾದರು. ಹತ್ತು ವರ್ಷ ಆಡಳಿತ ನಡೆಸಿದರು.

ಈಗ ನ್ಯೂ ಎಕೋಟಾದ ಆ ಮೋಸದ ಒಪ್ಪಂದಕ್ಕೆ ಬರುತ್ತೇನೆ. ಅದರ ಏಳನೇ ಕಲಮಿನಲ್ಲಿ ಒಂದು ಮಾತಿದೆ. ಕಾಂಗ್ರೆಸ್ಸು ವ್ಯವಸ್ಥೆ ಮಾಡಿದಾಗ ಚೆರೋಕೀ ಜನರಿಗೆ ಕೆಳಮನೆಯಲ್ಲಿ ಒಬ್ಬ ಪ್ರತಿನಿಧಿಯನ್ನು ಕೂರಿಸುವ ಹಕ್ಕಿದೆ ಅಂತ. 2019ರಲ್ಲಿ ಚೆರೋಕೀ ನೇಶನ್ನಿನ ಮುಖ್ಯ ನಾಯಕ ಚಕ್ ಹಾಸ್ಕಿನ್ ಜೂನಿಯರ್, ಕಿಂಬರ್ಲಿ ಟೀಹೀ ಅವರನ್ನು ಆ ಜಾಗಕ್ಕೆ ನೇಮಿಸಿದರು. ಇದು ಮೋಸದ ಕಾಗದ ಅಂತ ಹೇಳುತ್ತಾ ಬಂದವರು ಅದರಲ್ಲೇ ಹಕ್ಕು ಕೇಳುವುದು ಸರಿಯೇ ಅಂತ ಅನ್ನಿಸಬಹುದು. ನನಗೆ ಸರಿ ಅನ್ನಿಸುತ್ತದೆ. ಆ ಕಾಗದದಿಂದ ಅಮೆರಿಕ ತನಗೆ ಬೇಕಾದ್ದನ್ನು ಮೂರೇ ವರ್ಷದಲ್ಲಿ ವಸೂಲು ಮಾಡಿಕೊಂಡಿತು, ಕೊಡಬೇಕಾದ್ದು ಮಾತ್ರ ಬಾಕಿ ಉಳಿಯಿತು. 2022ರ ನವೆಂಬರಿನಲ್ಲಿ ಕೆಳಮನೆಯ ನಿಯಮ ಸಮಿತಿ ವಿಚಾರಣೆ ನಡೆಸಿತು. ಟೀಹೀ ಅವರನ್ನು ಆ ಸದನ ಕೂರಿಸಲಿಲ್ಲ. ಜೊತೆಗೆ ಉಳಿದ ಎರಡು ಚೆರೋಕೀ ಸರ್ಕಾರಗಳು, ಆ ಒಪ್ಪಂದ ಒಬ್ಬರ ಸ್ವತ್ತಲ್ಲ, ನಾವೂ ಅದರ ವಾರಸುದಾರರು ಅನ್ನುತ್ತಿವೆ. ಯಾವ ಕಾಗದ ಬೇಡವೇ ಬೇಡ ಅಂತ ಅವರ ಅಜ್ಜಂದಿರು ಸಾವಿರಾರು ಸಹಿ ಹಾಕಿದ್ದರೋ, ಅದೇ ಕಾಗದಕ್ಕೆ ಈಗ ಮೂರು ಕಡೆಯಿಂದ ಪಟ್ಟು.